‘ಅಂಬ್ರೇಜಸ್’ ಅಂದರೆ ನೆರಳೋ, ಮುನಿಸೋ?

ನಿಮ್ಮ ಹೋಮ್‌ಸ್ಟೇ ಜಾಹೀರಾತಿನ ‘ಅಂಬ್ರೇಜಸ್ ಕಾಫಿ ತೋಟ’ದಲ್ಲಿರುವ ‘ಅಂಬ್ರೇಜಸ್’ (umbrageous) ಅನ್ನೋ ಇಂಗ್ಲಿಷ್ ಪದಕ್ಕೆ ಡಿಕ್ಷನರಿಯಲ್ಲಿ ‘ಬೇಗ ಮುನಿಸಿಕೊಳ್ಳುವ’ ಅಂತ ಸಿಕ್ಕಿದೆ ಅಂದರೆ, ನೀವು ಬಹುಶಃ ಅದರ ಇನ್ನೊಂದು ಅರ್ಥ ನೋಡಿದ್ದೀರಿ. ಮೊದಲು ಮುಂದಿನ ಪದ ನೋಡಿ. ಮರ, ದಾರಿ, ತೋಟ ಇದ್ದರೆ ದಟ್ಟ ನೆರಳಿನದು. ಮನುಷ್ಯನಾದರೆ ಮಾತುಮಾತಿಗೂ ಮುಖ ಊದಿಸಿಕೊಳ್ಳುವವನು. ಮೂಲ ಲ್ಯಾಟಿನ್‌ನ ‘ಉಂಬ್ರಾ’, ಅಂದರೆ ನೆರಳು. ಫ್ರೆಂಚ್ ಹಾದು ಇಂಗ್ಲಿಷಿಗೆ ಬಂತು. ಅಂಬ್ರೆಲಾ ಕೂಡ ಇದೇ ಬುಡದ್ದು. ಮರಗಸಿಗೆ (ನೆರಳು ಮರಗಳ ಕೊಂಬೆ ಕಡಿಯುವ ಕೆಲಸ) ಮುಂಚೆ ನಮ್ಮ ಕೊಡಗಿನ ತೋಟಗಳಲ್ಲಿ ಹಲಸು, ಅತ್ತಿ ಮರದಡಿ ಮಧ್ಯಾಹ್ನವೂ ಮಬ್ಬಾಗಿರುತ್ತಲ್ವಾ, ಅದಕ್ಕೆ ಸರಿಯಾದ ಪದವೇ. ಜಾಹೀರಾತಿಗೆ ಮಾತ್ರ ಸ್ವಲ್ಪ ಜಾಸ್ತಿಯಾಯಿತು. ಹಾಗಂತ ಸುಮ್ನೆ ‘ಶೇಡಿ’ ಹಾಕಬೇಡಿ, ಅದಕ್ಕೆ ‘ಅನುಮಾನ ಹುಟ್ಟಿಸುವ’ ಅನ್ನೋ ಅರ್ಥವೂ ಇದೆ! ‘ಶೇಡ್-ಗ್ರೋನ್ ಕಾಫಿ’ ಅಂತ ಬರೆಯಿರಿ.