ಹಳೇ ಫುಟೇಜ್ ಬಳಸುವ ಮುನ್ನ

ಪ್ರಶ್ನೆ: ಲಿಂಗನಮಕ್ಕಿ ಅಣೆಕಟ್ಟಿನಿಂದ ಮುಳುಗಡೆಯಾದ ಊರುಗಳ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದೇವೆ. ಆ ಕಾಲದ ಕೆಲವು ತುಣುಕುಗಳು ಯೂಟ್ಯೂಬ್‌ನಲ್ಲಿ ಸಿಕ್ಕಿವೆ. 30 ಸೆಕೆಂಡಿನೊಳಗೆ ಬಳಸಿದರೆ ಅನುಮತಿ ಬೇಡವಂತೆ, ನಿಜವೇ? ಎಡಿಟಿಂಗ್ ಟೈಮ್‌ಲೈನಿಗೆ ಹಾಕಿದರೆ ಜನ ದಪ್ಪಗೆ ಕಾಣುತ್ತಾರೆ, ಅಲುಗಾಡುವ ಕಡೆ ಬಾಚಣಿಗೆ ಹಲ್ಲಿನಂಥ ಗೆರೆ ಬರುತ್ತದೆ. ಏನು ಮಾಡಲಿ?

ಉತ್ತರ: ಅಂಥ 30 ಸೆಕೆಂಡಿನ ವಿನಾಯಿತಿ ನಮ್ಮ ಕಾಯ್ದೆಯಲ್ಲಿ ಇಲ್ಲವೇ ಇಲ್ಲ. ಕೃತಿಸ್ವಾಮ್ಯ ಕಾಯ್ದೆಯ ಸೆಕ್ಷನ್ 52 ವಿಮರ್ಶೆ, ಪ್ರಚಲಿತ ಘಟನೆಯ ವರದಿಯಂಥ ಉದ್ದೇಶಗಳಿಗೆ ಮಾತ್ರ ನ್ಯಾಯವಾದ ಬಳಕೆಯನ್ನು ಒಪ್ಪುತ್ತದೆ. ಅಲ್ಲಿ ಸೆಕೆಂಡಿನ ಲೆಕ್ಕವಿಲ್ಲ. ಚಿತ್ರದ ಹಕ್ಕು ಪ್ರಕಟವಾದ ಮರುವರ್ಷದ ಜನವರಿಯಿಂದ 60 ವರ್ಷ. 1966ರಲ್ಲಿ ಬಿಡುಗಡೆಯಾದದ್ದಾದರೆ 2026ರ ಡಿಸೆಂಬರ್ 31ರವರೆಗೆ. ಹಿನ್ನೆಲೆಯಲ್ಲಿ ಹಾಡು ಇದ್ದರೆ ಅದನ್ನು ಬೇರೆಯಾಗಿಯೇ ನೋಡಬೇಕು: ಸಾಹಿತ್ಯ ಮತ್ತು ಸಂಗೀತದ ಹಕ್ಕು ಬರೆದವರು ತೀರಿಕೊಂಡ ಮೇಲೂ 60 ವರ್ಷ ಉಳಿಯುತ್ತದೆ.

ಕೇಂದ್ರ ಸರ್ಕಾರದ ಸಾಕ್ಷ್ಯಚಿತ್ರ ಘಟಕವಾಗಿದ್ದ ಫಿಲ್ಮ್ಸ್ ಡಿವಿಷನ್ನಿನ ಚಿತ್ರವಾದರೆ ಎನ್‌ಎಫ್‌ಡಿಸಿಗೆ (ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ) ಬರೆಯಿರಿ. 2022ರಲ್ಲಿ ಅದು ಅಲ್ಲಿ ವಿಲೀನವಾಗಿದೆ. ಒಂದು ಎಚ್ಚರಿಕೆ: ಆರ್ಕೈವ್‌ನಲ್ಲಿ ಪ್ರಿಂಟ್ ಇದೆ ಎಂದ ಮಾತ್ರಕ್ಕೆ ಹಕ್ಕೂ ಅವರದೇ ಆಗಿರಬೇಕೆಂದಿಲ್ಲ. ಎರಡನ್ನೂ ಬೇರೆಬೇರೆಯಾಗಿ ಕೇಳಿ.

ಇನ್ನು ಚಿತ್ರದ ಸಮಸ್ಯೆ. ಜನ ದಪ್ಪಗಾಗುವುದು 4:3 ಅಳತೆಯ (ಅಗಲ:ಎತ್ತರ) ಹಳೇ ಚಿತ್ರವನ್ನು ಈಗಿನ ಅಗಲ ಪರದೆಯ 16:9ಕ್ಕೆ ಎಳೆದಿರುವುದರಿಂದ. 1920×1080 ಟೈಮ್‌ಲೈನಿನಲ್ಲಿ ಅದನ್ನು 1440 ಪಿಕ್ಸೆಲ್ ಅಗಲಕ್ಕೆ ನಿಲ್ಲಿಸಿ, ಎರಡೂ ಬದಿ 240 ಪಿಕ್ಸೆಲ್ ಕಪ್ಪು ಬಿಡಿ. ಪರದೆ ತುಂಬಿಸಲು ಕತ್ತರಿಸಿದರೆ ಎತ್ತರದ ಕಾಲು ಭಾಗವೇ ಹೋಗುತ್ತದೆ, ಮೊದಲು ಹೋಗುವುದು ತಲೆಗಳು. ಗೆರೆ ಬರುವುದು ಇಂಟರ್‌ಲೇಸ್‌ನಿಂದ. ಹಳೇ ಟಿವಿ ಟೇಪಿನಲ್ಲಿ ಸೆಕೆಂಡಿಗೆ 50 ಅರೆ-ಚಿತ್ರಗಳಿರುತ್ತವೆ, ಒಂದರಲ್ಲಿ ಬೆಸ ಗೆರೆಗಳು, ಮುಂದಿನದರಲ್ಲಿ ಸಮ ಗೆರೆಗಳು. ಮೊದಲು ಡಿಇಂಟರ್‌ಲೇಸ್ ಮಾಡಿ (ಅಂದರೆ ಅರೆ-ಚಿತ್ರಗಳನ್ನು ಪೂರ್ಣ ಚಿತ್ರಗಳಾಗಿಸಿ), ಆಮೇಲೆ ಹಿಗ್ಗಿಸಬೇಕು. ಕ್ರಮ ತಪ್ಪಿದರೆ ಗೆರೆಗಳು ಒಂದರೊಳಗೊಂದು ಕಲೆಸಿಹೋಗಿ ಬಿಡಿಸಲಾಗದು. ಯೂಟ್ಯೂಬ್ ಪ್ರತಿಯಲ್ಲಿ ಹೆಚ್ಚಾಗಿ ಆಗಿರುವುದೇ ಇದು. ಆದ್ದರಿಂದ ಮೂಲ ಟೇಪಿನ ಪ್ರತಿ ಕೇಳಿ, ಫಿಲ್ಮ್ ಉಳಿದಿದ್ದರೆ ಹೊಸ ಸ್ಕ್ಯಾನ್ ಕೇಳಿ. ಸ್ಕ್ಯಾನ್‌ನಲ್ಲಿ ಈ ಗೆರೆಯ ಕಾಟವೇ ಇರುವುದಿಲ್ಲ. ಟೇಪಿಗೆ ಇಳಿಸುವಾಗ 24 ಫ್ರೇಮಿನ ಚಿತ್ರವನ್ನು 25ರಲ್ಲಿ ಓಡಿಸಿರುತ್ತಾರೆ. ಶೇ 4ರಷ್ಟು ವೇಗ, ದನಿಯೂ ತುಸು ಕೀರಲು. ಮತ್ತೆ 24ಕ್ಕೆ ತಂದರೆ ಸರಿಹೋಗುತ್ತದೆ.

ಎಡಿಟಿಂಗ್‌ಗೆ ಟೈಮ್‌ಕೋಡ್ (ಪ್ರತಿ ಫ್ರೇಮಿನ ಸಮಯ ಸಂಖ್ಯೆ) ಮೂಡಿರುವ ಪ್ರಿವ್ಯೂ ಪ್ರತಿ ಸಾಕು. ಕಟ್ ಮುಗಿದ ಮೇಲೆ ಪ್ರತಿ ಶಾಟ್‌ನ ರೀಲ್, ಆರಂಭ, ಕೊನೆ ಪಟ್ಟಿ ಮಾಡಿ, ಎರಡೂ ತುದಿಗೆ 1 ಸೆಕೆಂಡ್ ಹೆಚ್ಚಿಗೆ ಸೇರಿಸಿ ಪೂರ್ಣ ಗುಣಮಟ್ಟದ ಮಾಸ್ಟರ್ ಪ್ರತಿ ತರಿಸಿ. ಒಪ್ಪಂದದಲ್ಲಿ ಟಿವಿ, ಚಿತ್ರೋತ್ಸವ, ಒಟಿಟಿ, ಯಾವ ದೇಶ, ಎಷ್ಟು ವರ್ಷ ಎಂಬುದು ಸ್ಪಷ್ಟವಿರಲಿ. ಬರೀ ಚಿತ್ರೋತ್ಸವಕ್ಕೆ ಪಡೆದು ಆಮೇಲೆ ಒಟಿಟಿಗೆ ಮಾರಲು ಹೊರಟವರು ಮತ್ತೆ ಹಣ ಕಟ್ಟಬೇಕಾಗುತ್ತದೆ, ಇಲ್ಲವೇ ಆ ಶಾಟ್ ತೆಗೆಯಬೇಕಾಗುತ್ತದೆ.

ಶಾಟ್ ಸಾಲದೆ ಹೋದಾಗ ಬೇರೆ ಅಣೆಕಟ್ಟಿನ ಕಾಮಗಾರಿಯನ್ನು ಶರಾವತಿಯದೆಂಬಂತೆ ಸೇರಿಸಬೇಡಿ. ಮನೆ-ತೋಟ ಕಳೆದುಕೊಂಡವರು ಆ ಚಿತ್ರ ನೋಡುತ್ತಾರೆ, ಅವರಿಗೆ ಗುರುತು ಹತ್ತುತ್ತದೆ. ಬಳಸಲೇಬೇಕಾದರೆ ಶಾಟ್‌ನ ಮೇಲೆಯೇ ಊರು, ವರ್ಷ ಹಾಕಿ.