ಆಂಡಿ ಕಾಫ್‌ಮನ್ ನೋಡಿ ನಗು ಬರಲಿಲ್ಲವಾ?

"ಆಂಡಿ ಕಾಫ್‌ಮನ್‌ನ ಎರಡು ವಿಡಿಯೋ ನೋಡಿದೆ, ಒಂದು ಜೋಕೂ ಇಲ್ಲ, ಇವನನ್ನು ಯಾಕೆ ದೊಡ್ಡ ಕಾಮಿಡಿಯನ್ ಅಂತಾರೆ?" ಅಂತ ಕೇಳಿದ್ದೀರಿ. ಮೊದಲ ಸಲ ನೋಡಿದಾಗ ನಾನೂ ಹೀಗೇ ಬೈದುಕೊಂಡಿದ್ದೆ. ಜೋಕು ಇಲ್ಲ, ನಿಜ. ತಾನು ಕಾಮಿಡಿಯನ್ನೇ ಅಲ್ಲ ಅಂತ ಅವನೇ ಹೇಳುತ್ತಿದ್ದ.

1975ರ ಅಕ್ಟೋಬರ್ 11ರಂದು ಅಮೆರಿಕದ ಟಿವಿಯಲ್ಲಿ ಬಂದ ಸ್ಯಾಟರ್ಡೇ ನೈಟ್ ಲೈವ್ ಅನ್ನೋ ಕಾಮಿಡಿ ಶೋನ ಮೊಟ್ಟಮೊದಲ ಎಪಿಸೋಡ್ ಹುಡುಕಿ ನೋಡಿ. ಪಕ್ಕದಲ್ಲಿ ಒಂದು ರೆಕಾರ್ಡ್ ಪ್ಲೇಯರ್, ಅದರಲ್ಲಿ ಮೈಟಿ ಮೌಸ್ ಕಾರ್ಟೂನಿನ ಹಾಡು. ಇವನು ಸ್ಕೂಲ್ ಡೇಯಲ್ಲಿ ಡೈಲಾಗ್ ಮರೆತ ಹುಡುಗನ ಹಾಗೆ ಕಣ್ಣು ಪಿಳಿಪಿಳಿ ಬಿಡುತ್ತಾ ಸುಮ್ನೆ ನಿಂತಿರುತ್ತಾನೆ, ಕಾಪಾಡೋಕೆ ಬಂದೆ ಅನ್ನೋ ಆ ಒಂದು ಸಾಲು ಬಂದಾಗ ಮಾತ್ರ ಕೈ ಎತ್ತಿ ವೀರನ ಹಾಗೆ ಬಾಯಿ ಆಡಿಸುತ್ತಾನೆ, ಆಮೇಲೆ ಮತ್ತೆ ಪೆಚ್ಚುಮುಖ. ಒಂದು ಸಲ ಬೇಗ ಬಾಯಿ ತೆಗೆದು ತಪ್ಪಾಯ್ತು ಅಂತ ನುಂಗಿಕೊಳ್ಳುತ್ತಾನೆ. ಅಷ್ಟೇ ಆಟ! ನಮಗೆ ನಗು ಬರೋದು ಆ ಸಾಲಿಗಲ್ಲ, ಅದಕ್ಕಾಗಿ ಅವನ ಜೊತೆ ನಾವೂ ಕಾಯುತ್ತಾ ಕೂತಿದ್ದೀವಲ್ಲ, ಅದಕ್ಕೆ.

ಅವನ 'ಫಾರಿನ್ ಮ್ಯಾನ್' ಕೂಡ ಹಾಗೇ. ಯಾವ ದೇಶದವನೋ ಗೊತ್ತಿಲ್ಲದ, ಹರುಕುಮುರುಕು ಇಂಗ್ಲಿಷಿನ ಪಾಪದ ಮನುಷ್ಯ. ಆಗಿನ ಅಮೆರಿಕದ ಪ್ರೆಸಿಡೆಂಟ್ ಕಾರ್ಟರ್ ಮಿಮಿಕ್ರಿ ಮಾಡ್ತೀನಿ ಅಂತ ಅದೇ ದನಿಯಲ್ಲಿ ಮಾತಾಡುತ್ತಾನೆ. ಅಯ್ಯೋ ಪಾಪ ಅಂತ ಜನ ಮುದುಡಿಕೊಳ್ಳುವಷ್ಟರಲ್ಲಿ ಬೆನ್ನು ತಿರುಗಿಸಿ, ಕೂದಲು ಬಾಚಿ, ರಾಕ್ ಗಾಯಕ ಎಲ್ವಿಸ್ ಪ್ರೀಸ್ಲಿಯೇ ಮೈಮೇಲೆ ಬಂದ ಹಾಗೆ ಹಾಡುತ್ತಾನೆ. ಮುಗಿದ ಮೇಲೆ ಮತ್ತೆ ಅದೇ ಕೀರಲು ದನಿಯ "ಥ್ಯಾಂಕ್ ಯೂ ವೆಡ್ಡಿ ಮಚ್". ಇದೇ ಪಾತ್ರ ಮುಂದೆ 'ಟ್ಯಾಕ್ಸಿ' ಅನ್ನೋ ಟಿವಿ ಧಾರಾವಾಹಿಯಲ್ಲಿ ಲಾಟ್ಕಾ ಅನ್ನೋ ಹೆಸರಿನಲ್ಲಿ ಬಂತು, ಹೆಸರು ದುಡ್ಡು ಎರಡೂ ಬಂತು.

1979ರಲ್ಲಿ ನ್ಯೂಯಾರ್ಕಿನ ಕಾರ್ನೆಗಿ ಹಾಲ್‌ನಲ್ಲಿ ಶೋ ಮುಗಿಸಿ, ಪ್ರೇಕ್ಷಕರನ್ನೆಲ್ಲ ಬಸ್ಸು ಹತ್ತಿಸಿಕೊಂಡು ಹೋಗಿ ಹಾಲು, ಬಿಸ್ಕತ್ತು ಕೊಡಿಸಿದ. ವೇದಿಕೆಯ ಪಕ್ಕದಲ್ಲೇ ಕೂತು ಶೋ ನೋಡಿದ ಅವನ 'ಅಜ್ಜಿ' ಕೊನೆಗೆ ಮುಖವಾಡ ತೆಗೆದರೆ ಕಾಮಿಡಿ ನಟ ರಾಬಿನ್ ವಿಲಿಯಮ್ಸ್!

ಹೆಂಗಸರ ಜೊತೆ ಕುಸ್ತಿ ಆಡಿದ್ದು ಮಾತ್ರ ನನಗೆ ಹಿಡಿಸೋದಿಲ್ಲ. ಜನರಿಂದ ಬೈಸಿಕೊಳ್ಳೋದೇ ಗುರಿ ಅನ್ನೋದು ಅರ್ಥವಾಗುತ್ತೆ, ಆದರೂ ನೋಡೋಕೆ ಹಿಂಸೆ. 1982ರಲ್ಲಿ ಮೆಂಫಿಸ್‌ನಲ್ಲಿ ಜೆರ್ರಿ ಲಾಲರ್ ಅನ್ನೋ ಪೈಲ್ವಾನ ಅವನನ್ನು ತಲೆಕೆಳಗಾಗಿ ಕುಕ್ಕಿದ, ಇವನು ಕುತ್ತಿಗೆಗೆ ಪಟ್ಟಿ ಕಟ್ಟಿಕೊಂಡು ಓಡಾಡಿದ. ಇಬ್ಬರೂ ಸೇರಿ ಮಾಡಿದ ನಾಟಕ ಅಂತ ಹೊರಬಿದ್ದಿದ್ದು ಆಂಡಿ ಸತ್ತು ಎಷ್ಟೋ ವರ್ಷವಾದ ಮೇಲೆ.

1984ರ ಮೇ 16ರಂದು ಶ್ವಾಸಕೋಶದ ಕ್ಯಾನ್ಸರ್‌ನಿಂದ ಹೋದ, ಬರೀ 35 ವರ್ಷ. ಇದೂ ಅವನದೇ ಆಟ, ಒಂದಿನ ವಾಪಸ್ ಬರ್ತಾನೆ ಅಂತ ಕಾಯುತ್ತಿದ್ದವರೂ ಇದ್ದಾರೆ.

ನೀವು ನೋಡಿದ್ದು ಕುಸ್ತಿಯ ವಿಡಿಯೋ ಆಗಿದ್ದರೆ ಅದನ್ನು ಬಿಟ್ಟು ಮೈಟಿ ಮೌಸ್‌ನಿಂದ ಶುರು ಮಾಡಿ. ಆಗಲೂ ನಗು ಬರದಿದ್ದರೆ ಬಿಟ್ಟುಬಿಡಿ, ನಮ್ಮ ಮನೆಯಲ್ಲೂ ನನ್ನೊಬ್ಬನನ್ನು ಬಿಟ್ಟು ಯಾರೂ ನಕ್ಕಿಲ್ಲ.