ಅನರ್ಹರ ಪಟ್ಟಿಗೆ ಹೆಸರು ಬಂತು ಅಂತ ಆಡಳಿತಾಧಿಕಾರಿ ಬೇಕು ಅಂತ ಕೇಳಬೇಡಿ

ಭಾವಾ, ನಿಮ್ಮ ಪೋಸ್ಟು ಈಗ ನೋಡಿದೆ. ಸಹಕಾರಿ ಸೊಸೈಟಿ ಚುನಾವಣೆಯ ಅನರ್ಹ ಮತದಾರರ ಪಟ್ಟಿಯಲ್ಲಿ ನಿಮ್ಮ ಹೆಸರು ಬಂದಿದೆ, ಸೆಕ್ರೆಟರಿಗೆ ಕೊಟ್ಟ ಆರ್‌ಟಿಐ ಅರ್ಜಿ ವಾಪಸ್ ಬಂದಿದೆ, ಈಗ "ಬೋರ್ಡು ವಜಾ ಮಾಡಿ, ಆಡಳಿತಾಧಿಕಾರಿ ಹಾಕಿ" ಅಂತ ಮಂತ್ರಿಗಳಿಗೆ ಪತ್ರ ಬರೆದು ಸಹಿ ಒಟ್ಟು ಮಾಡ್ತಾ ಇದ್ದೀರಿ. ಪತ್ರ ಇನ್ನೂ ಹೋಗಿಲ್ಲ ಅಂದ್ರೆ ಅಲ್ಲೇ ಇಡಿ. ನಮ್ಮಲ್ಲೂ ಸಿಟ್ಟಿನ ಭರದಲ್ಲಿ ಇದನ್ನೇ ಕೇಳಿದ್ದು, ಸಹಿ ಹಾಕಿದವರಲ್ಲಿ ನಾನೂ ಇದ್ದೆ.

ಕೇಳಿದ್ದು ಸಿಕ್ತು. ಬಂದವರು ಒಳ್ಳೆ ಮನುಷ್ಯರೇ, ಆದರೆ ಅವರ ತಲೆ ಮೇಲೆ ಬೇರೆ ಸಂಘಗಳ ಚಾರ್ಜೂ ಇತ್ತು. ಬಂದ ದಿನ ಚೆಕ್ಕಿಗೆ ಸಹಿ ಹಾಕಿ ಹೋಗೋರು. ದೈನಂದಿನ ಖರ್ಚು ಬಿಟ್ಟು ಯಾವ ನಿರ್ಣಯಕ್ಕೂ ಕೈ ಹಾಕಲಿಲ್ಲ, "ಚುನಾಯಿತ ಮಂಡಳಿ ಬರಲಿ" ಅನ್ನೋದೊಂದೇ ಉತ್ತರ. ಹೊಸ ಆಸಾಮಿ ಸಾಲ (ಬೆಳೆಗಾರ ಸದಸ್ಯರಿಗೆ ಕೊಡೋ ಸಾಲ) ಇಲ್ಲ, ಇದ್ದ ಮಿತಿ ಏರಿಸೋದಿಲ್ಲ. ಕೊನೆಕೊಯ್ಲಿನ ಹೊತ್ತಿಗೆ ಆಳಿನ ಖರ್ಚಿಗೆ ದುಡ್ಡಿಲ್ಲದೆ ಎಷ್ಟೋ ಜನ ಖಾಸಗಿಯವರಿಂದ ಮುಂಗಡ ತಗೊಂಡು ಅಡಿಕೆಯನ್ನೂ ಅಲ್ಲಿಗೇ ಹಾಕಿದರು. ಆಮೇಲೆ ಚುನಾವಣೆ ಬಂದಾಗ ನೋಡಿದರೆ, ಸಂಘದ ಜೊತೆ ಕನಿಷ್ಠ ವ್ಯವಹಾರ ಇಲ್ಲ ಅಂತ ಅವರೇ ಅನರ್ಹರು! ಹಳೇ ಬೋರ್ಡಿನವರ ಕಡೆಯವರು ಮಾತ್ರ ಹಾಜರಿ, ವ್ಯವಹಾರ ಎಲ್ಲ ಸರಿ ಇಟ್ಟುಕೊಂಡಿದ್ದರು. ಯಾರು ಗೆದ್ದರು ಅಂತ ಹೇಳಬೇಕಾಗಿಲ್ಲ.

ಅಷ್ಟಕ್ಕೂ 1959ರ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆಯ 30ನೇ ಕಲಂ ಪ್ರಕಾರ ಮಂಡಳಿ ತೆಗೆಯೋದು ಮಂತ್ರಿಗಳ ಲೆಟರ್‌ಹೆಡ್ಡಿನ ಮೇಲೆ ಆಗೋದಲ್ಲ. ಸಹಕಾರ ಇಲಾಖೆಯ ನಿಬಂಧಕರು (ರಿಜಿಸ್ಟ್ರಾರ್) ಕಾರಣ ಕೊಟ್ಟು ನೋಟಿಸು ಮಾಡಬೇಕು, ಮಂಡಳಿಯವರ ಉತ್ತರ ಕೇಳಬೇಕು. ಅದನ್ನ ಹಾರಿಸಿದರೆ ಮಂಡಳಿಯವರು ಹೈಕೋರ್ಟಿನ ಧಾರವಾಡ ಪೀಠದಿಂದ ತಡೆ ತಂದು ಹಾರ ಹಾಕಿಸಿಕೊಂಡು ಬಂದು ಕೂರ್ತಾರೆ. ಇವತ್ತು ನಿಮಗೆ ಬೇಡದ ಬೋರ್ಡಿಗೆ ನೀವು ಕರೆಸಿದ ಅಧಿಕಾರಿಯನ್ನ, ನಾಳೆ ನೀವು ಆರಿಸಿದ ಬೋರ್ಡಿಗೆ ಬೇರೆಯವರು ಕರೆಸ್ತಾರೆ. ದುಡ್ಡು ತಿಂದಿದ್ದಕ್ಕೆ ದಾಖಲೆ ಇದೆಯಾ? ಹಾಗಾದ್ರೆ 64ನೇ ಕಲಂ ವಿಚಾರಣೆ ಕೇಳಿ. ನಷ್ಟ ಸಾಬೀತಾದರೆ 69ರಲ್ಲಿ ತಪ್ಪಿತಸ್ಥರಿಂದಲೇ ವಸೂಲಿ. ಒಬ್ಬನ ತಪ್ಪಿಗೆ ಇಡೀ ಸಂಘಕ್ಕೆ ಬೀಗ ಯಾಕೆ?

ಆರ್‌ಟಿಐ ಅರ್ಜಿ ಸೆಕ್ರೆಟರಿಗೆ ಕೊಟ್ಟಿದ್ದೇ ತಪ್ಪು. 2013ರಲ್ಲಿ ಕೇರಳದ ತಲಪ್ಪಾಲಂ ಸೇವಾ ಸಹಕಾರಿ ಬ್ಯಾಂಕಿನ ಕೇಸಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ: ನಿಬಂಧಕರ ಮೇಲ್ವಿಚಾರಣೆ ಇದ್ದ ಮಾತ್ರಕ್ಕೆ ಸೊಸೈಟಿ ಸಾರ್ವಜನಿಕ ಪ್ರಾಧಿಕಾರ ಆಗೋದಿಲ್ಲ. ಆದರೆ ಅದೇ ತೀರ್ಪಲ್ಲಿ ಇನ್ನೊಂದು ಬಾಗಿಲು ತೆರೆದಿದೆ. ಕಾನೂನು ಪ್ರಕಾರ ನಿಬಂಧಕರು ಸಂಘದಿಂದ ಪಡೆಯಬಹುದಾದ ಮಾಹಿತಿಯನ್ನ ಅವರ ಕಚೇರಿಯಲ್ಲಿ ಕೇಳಬಹುದು. ಅರ್ಜಿ ಎ.ಆರ್. (ಸಹಾಯಕ ನಿಬಂಧಕರು) ಆಫೀಸಿನ ಮಾಹಿತಿ ಅಧಿಕಾರಿಗೆ ಹೋಗಲಿ, 10 ರೂಪಾಯಿ ಶುಲ್ಕ. ನಮ್ಮ ರಾಜ್ಯದ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಶಬ್ದದೊಳಗೆ. ನೀವು ಹಾಕಿದ ಫೋಟೋದಲ್ಲಿ ಅರ್ಜಿ ಮೂರು ಪುಟ ಇದೆ ಮಾರಾಯ್ರೆ, ಅರ್ಧ ಬೈಗುಳವೇ! ಆಡಿಟ್ ವರದಿ ಮತ್ತು ಅದರ ನ್ಯೂನತೆಗಳಿಗೆ ಸಂಘ ಕೊಟ್ಟ ಉತ್ತರ, ಇಷ್ಟೇ ಕೇಳಿ. ಬೈಲಾ ನೋಡೋಕೆ ಆರ್‌ಟಿಐ ಬೇಕಾಗಿಲ್ಲ, ಅದು ಸದಸ್ಯನ ಹಕ್ಕು.

ಈಗ ಪಟ್ಟಿ ವಿಷಯ. ಕರಡು ಪಟ್ಟಿಗೆ ಆಕ್ಷೇಪಣೆ ಅವಧಿ ಇನ್ನೂ ಇದ್ದರೆ ಇವತ್ತೇ ಲಿಖಿತವಾಗಿ ಕೊಡಿ. ವಾಟ್ಸಾಪಲ್ಲಲ್ಲ, ಆವಕಕ್ಕೆ (ಕಚೇರಿಗೆ ಬಂದ ಪತ್ರ ದಾಖಲಿಸೋ ಕಡೆ). ಎರಡನೇ ಪ್ರತಿ ಮೇಲೆ ನಂಬರು, ಸೀಲು, ಸಹಿ. ಯಾವ ಕಾರಣಕ್ಕೆ ಅನರ್ಹ ಅಂತ ಮೊದಲು ತಿಳಿದುಕೊಳ್ಳಿ: ಸುಸ್ತಿಯಾ (ಸಾಲ ಬಾಕಿ), ಮಹಾಸಭೆ ಹಾಜರಿಯಾ, ವ್ಯವಹಾರವಾ? ಮೂರಕ್ಕೂ ದಾಖಲೆ ಬೇರೆ ಬೇರೆ. ಅಂತಿಮ ಪಟ್ಟಿ ಆಗಿಹೋಗಿದ್ದರೆ ವಕೀಲರನ್ನ ಹಿಡಿದು ಧಾರವಾಡಕ್ಕೆ ಹೋಗಿ. ಮಧ್ಯಂತರ ಆದೇಶ ತಂದು ಮತ ಹಾಕಿದವರು ಬೇಕಾದಷ್ಟಿದ್ದಾರೆ, ಅಂಥ ಮತ ಬೇರೆ ಇಟ್ಟು ಎಣಿಕೆ ಕೋರ್ಟು ಹೇಳಿದ ಮೇಲೆ. ಫಲಿತಾಂಶ ಬಂದ ಮೇಲಿನ ತಕರಾರು 70ನೇ ಕಲಮಿನ ಕೆಳಗೆ, ಸಿವಿಲ್ ಕೋರ್ಟಿಗೆ ಓಡಬೇಡಿ, ಅದೇ ಕಾಯ್ದೆಯ 118ನೇ ಕಲಂ ಅಡ್ಡ ಬರುತ್ತದೆ. ತಡ ಮಾಡಿದರೆ ಅವಧಿ ಮೀರುತ್ತದೆ.

ನಿಮ್ಮ ಪೋಸ್ಟಿನ ಕೆಳಗೆ ಯಾರೋ "ಸಂವಿಧಾನದ 97ನೇ ತಿದ್ದುಪಡಿ ಬಂದಮೇಲೆ ಸರ್ಕಾರ ಸೊಸೈಟಿ ಮುಟ್ಟೋ ಹಾಗಿಲ್ಲ" ಅಂತ ಫಾರ್ವರ್ಡ್ ಹಾಕಿದ್ದಾರೆ. ಓದದೇ ಹಾಕಬೇಡ್ರಪ್ಪ. ಸಂಘ ಕಟ್ಟೋದು 19ನೇ ವಿಧಿಯ ಹಕ್ಕಾಗಿದ್ದು ಹೌದು. ಆದರೆ ಚುನಾವಣೆ, ಮಂಡಳಿ ವಜಾ ಇದೆಲ್ಲ ಇದ್ದ 9ಬಿ ಭಾಗ ರಾಜ್ಯದ ಸಂಘಗಳಿಗೆ ಅನ್ವಯಿಸೋದಿಲ್ಲ ಅಂತ 2021ರ ಜುಲೈಯಲ್ಲಿ ಸುಪ್ರೀಂ ಕೋರ್ಟೇ ಹೇಳಿಯಾಗಿದೆ. ಅರ್ಧದಷ್ಟು ರಾಜ್ಯಗಳ ಒಪ್ಪಿಗೆ ತಗೊಂಡಿರಲಿಲ್ಲ. ಈಗ ಆ ಭಾಗ ಇರೋದು ಬಹುರಾಜ್ಯ ಸಂಘಗಳಿಗೆ ಮಾತ್ರ. ನಮಗೆ ರಾಜ್ಯದ ಕಾಯ್ದೆಯೇ ಗತಿ, ಅಂಕೋಲಾ ಕುಮಟಾ ಕಡೆಯ ಮೀನುಗಾರರ ಸಂಘದವರಿಗೂ ಅಷ್ಟೇ.

"ಸೌಹಾರ್ದಕ್ಕೆ ಹೋಗಿಬಿಡೋಣ" ಅಂದವರಿಗೆ: ಸೌಹಾರ್ದ ಸಹಕಾರಿಗಳಿಗೆ ಬೇರೆಯೇ ಇರುವ 1997ರ ಕಾಯ್ದೆಯಲ್ಲಿ ಇಲಾಖೆ ಹಿಡಿತ ಕಡಿಮೆ, ನಿಜ. ನಮ್ಮ ಶಿರಸಿಯ ಕದಂಬ ಮಾರ್ಕೆಟಿಂಗ್ ಸಹಕಾರಿಯೂ ಸೌಹಾರ್ದವೇ. ಆದರೆ ಹಿಡಿತ ಕಡಿಮೆ ಇದ್ದಷ್ಟೂ ಸದಸ್ಯ ಎಚ್ಚರ ಇರಬೇಕು. ಮಹಾಸಭೆಗೆ ಊಟದ ಹೊತ್ತಿಗೆ ಬರೋರು ಯಾವ ಕಾಯ್ದೆಯಡಿ ಇದ್ದರೂ ಒಂದೇ. ಬಹುರಾಜ್ಯ ಸೊಸೈಟಿಗಳ ಬಡ್ಡಿ ಬೋರ್ಡು ನೋಡಿ ಠೇವಣಿ ಇಡೋರಿಗಂತೂ ನಾನು ಏನೂ ಹೇಳೋದಿಲ್ಲ, ತಕರಾರು ಬಂದರೆ ಶಿರಸಿಯ ಎ.ಆರ್. ಕೈಯಲ್ಲಿ ಏನೂ ಇಲ್ಲ, ಅದು ದಿಲ್ಲಿಯ ಕೇಂದ್ರ ನಿಬಂಧಕರ ಬಾಬ್ತು.

ಮುಂದಿನ ಸಲಕ್ಕೆ. ಎಷ್ಟು ಮಹಾಸಭೆಗೆ ಬರಬೇಕು ಅನ್ನೋ ಲೆಕ್ಕ ಹಾಕ್ತಾ ಕೂರಬೇಡಿ, ಎಲ್ಲದಕ್ಕೂ ಹೋಗಿ. ಹಾಜರಿ ಪುಸ್ತಕದಲ್ಲಿ ಸಹಿ ಮಾಡಿದ ಪುಟದ ಫೋಟೋ ತೆಗೆಯಿರಿ, ಸದಸ್ಯತ್ವ ನಂಬರು ಕಾಣಬೇಕು. ಜೆಲ್ ಪೆನ್ನು ಬೇಡವೇ ಬೇಡ. ಸೆಪ್ಟೆಂಬರಿನ ಮಳೆಯಲ್ಲಿ ಕೊಡೆ ನೀರು ಸೋರಿ ನಮ್ಮಲ್ಲೊಂದು ಪುಟ ಪೂರ್ತಿ ನೀಲಿ ಆಗಿತ್ತು. ರೆನಾಲ್ಡ್ಸ್ ಬಾಲ್ ಪೆನ್ನು ಸಾಕು. ಪ್ರಶ್ನೆ ಇದ್ದರೆ ನೋಟಿಸು ಬಂದ ಕೂಡಲೇ ಬರೆದು ಕೊಡಿ. ಸಭೆಯಲ್ಲಿ ಎದ್ದು ಕೂಗಿದ್ದು ಠರಾವು (ನಿರ್ಣಯ) ಪುಸ್ತಕಕ್ಕೆ ಹತ್ತೋದಿಲ್ಲ.

ವ್ಯವಹಾರಕ್ಕೆ ಅಡಿಕೆಯನ್ನೆಲ್ಲ ಹಾಕಲೇಬೇಕು ಅಂತಿಲ್ಲ, ನಿಮ್ಮ ಬೈಲಾ ಏನು ಹೇಳುತ್ತೆ ನೋಡಿ. ಮೈಲುತುತ್ತ, ಸುಣ್ಣ, ಗೊಬ್ಬರ ಸೊಸೈಟಿಯಲ್ಲೇ ತಗೊಳ್ಳಿ, ಬಿಲ್ಲು ನಿಮ್ಮ ಹೆಸರಿಗೇ ಇರಲಿ. ಮಗ ಹೋಗಿ ತಂದು ಅವನ ಹೆಸರಿಗೆ ಬಿಲ್ಲಾದರೆ ಅದು ನಿಮ್ಮ ಲೆಕ್ಕಕ್ಕೆ ಬರೋದಿಲ್ಲ. ಹಾಂ, ಅಪ್ಪಯ್ಯ ತೀರಿಹೋಗಿದ್ದರೂ ಶೇರು ಇನ್ನೂ ಅವರ ಹೆಸರಲ್ಲೇ ಇರುವ ಮನೆಗಳು ನಮ್ಮ ಕಡೆ ಬಹಳ. ನಾಮಮಾತ್ರ ಸದಸ್ಯರಿಗಂತೂ ಮತವೇ ಇಲ್ಲ. ವಾರಸಾ ವರ್ಗಾವಣೆಗೆ ಮರಣ ದಾಖಲೆ ಸಮೇತ ಈ ಮಳೆಗಾಲದಲ್ಲೇ ಅರ್ಜಿ ಹಾಕಿ, ಅದಕ್ಕೂ ಆವಕ ನಂಬರು ತಗೊಳ್ಳಿ.